ಮನೆಯವರ ಕಮಿಷನ್

ಹಲ್ಲಿನ ಡಾಕ್ಟರ ಕ್ಲಿನಿಕ್ಕಿನ ಹುಡುಗಿ ಹತ್ತಿ, ಗ್ಲೌಸು ಎಲ್ಲ ಚೀಲಕ್ಕೆ ತುಂಬಿಸಿಕೊಂಡು, "ಮುಂದಿನ ವಾರದಿಂದ ಸಾಮಾನು ಹೊಸ ಜಾಗಕ್ಕೆ ಕಳಿಸ್ಬೇಕಂತೆ ಅಕ್ಕಾ, ಬರ್ಕೊಳ್ಳಿ" ಎಂದಳು. ಬರೆದುಕೊಂಡೆ. ಬೀದಿಯ ಹೆಸರು ಬರೆಯುವಾಗಲೇ ನನಗೆ ಅನುಮಾನ ಬಂತು. ಮನೆ ನಂಬರು ಬರೆಯುವಷ್ಟರಲ್ಲಿ ಮೈಯೆಲ್ಲ ಉರಿದುಹೋಯಿತು. ಅದು ನಮ್ಮ ಅತ್ತೆಯ ತವರುಮನೆ.

"ಬಾಡಿಗೆಗೆ ತಗೊಂಡ್ರಾ?" ಎಂದು ಕೇಳಿದೆ.

"ಅಯ್ಯೋ ಇಲ್ಲಕ್ಕ, ಮೇಡಂ ಕೊಂಡ್ಕೊಂಡ್ರು. ರಿಜಿಸ್ಟ್ರೇಷನ್ನೂ ಆಯ್ತು. ಈಗ ಪೇಂಟ್ ಹೊಡೀತಿದ್ದಾರೆ."

ನಾನು ಕೆಲಸ ಮಾಡುವುದು ಔಷಧಿ ಅಂಗಡಿಯಲ್ಲಿ. ಯಾರಿಗೆ ಏನು ಕಾಯಿಲೆ ಎಂದು ಇವತ್ತಿನವರೆಗೆ ಎಲ್ಲೂ ಬಾಯಿಬಿಟ್ಟವಳಲ್ಲ. ಆದರೆ ಇದು ಕಾಯಿಲೆಯಲ್ಲ, ಮೋಸ. ಸಂಜೆ ಮನೆಗೆ ಹೋಗುವ ತನಕ ತಡೆದುಕೊಂಡಿದ್ದೇ ಹೆಚ್ಚು.

ಮೋಸ ಯಾಕೆಂದರೆ, ನಮ್ಮ ಮಾವ ಮನೆ ಬ್ರೋಕರು. ಊರಲ್ಲಿ ಅವರನ್ನು ಯಾರೂ ಹೆಸರು ಹಿಡಿದು ಕರೆಯುವುದಿಲ್ಲ, "ಬೀಗದಕೈ" ಎನ್ನುತ್ತಾರೆ. ಸೊಂಟದಲ್ಲಿ ಸದಾ ಒಂದು ದೊಡ್ಡ ಗೊಂಚಲು. ಅವರು ಬೀದಿಯ ತಿರುವಿನಲ್ಲಿರುವಾಗಲೇ ಅದರ ಸದ್ದು ಕೇಳಿ ಅತ್ತೆ ಟೀಗೆ ನೀರಿಡುತ್ತಾರೆ. ಆ ಗೊಂಚಲಲ್ಲಿ ಒಂದೇ ಒಂದು ಬೀಗದಕೈಯೂ ನಮ್ಮದಲ್ಲ. ಊರಿನ ಅರ್ಧ ಜನಕ್ಕೆ ಮನೆ ಕೊಡಿಸಿದ ಮನುಷ್ಯ ತಾವು ಬಾಡಿಗೆ ಮನೆಯಲ್ಲಿದ್ದಾರೆ. ಇನ್ನೂ ತಮಾಷೆ ಏನೆಂದರೆ, ನಾವಿರುವ ಮನೆಯನ್ನು ಅವರು "ಓನರ್ ಮನೆ" ಎನ್ನುತ್ತಾರೆ. ಬೇರೆಯವರ ಮನೆಗಳೆಲ್ಲ ಅವರ ಬಾಯಲ್ಲಿ "ನಮ್ಮನೆ". "ಬನ್ನಿ ಸಾರ್, ನಮ್ಮನೆ ನೋಡಿ. ನಮ್ಮನೆ ನಲ್ಲೀಲಿ ನೀರು ನಿಂತಿದ್ದೇ ಇಲ್ಲ. ಬೇಕಾದ್ರೆ ನಮ್ಮನೆ ಗೋಡೆ ಗುದ್ದಿ ನೋಡಿ." ಹಾಗಂದರೆ ಗಿರಾಕಿಗೆ ಧೈರ್ಯ ಬರುತ್ತದೆ ಎಂಬುದು ಅವರ ಲೆಕ್ಕ.

ಅತ್ತೆಯ ತವರುಮನೆಯಲ್ಲಿ ಇದ್ದವರು ಅತ್ತೆಯ ತಂಗಿ. ಅವರ ಅಪ್ಪ ತೀರಿಕೊಂಡಾಗ ಅಕ್ಕತಂಗಿಯರಿಗೆ ಸಮಪಾಲು ಇತ್ತು. ಅತ್ತೆ ಒಂದು ಕಾಸೂ ತೆಗೆದುಕೊಳ್ಳದೆ ಹಕ್ಕು ಬಿಟ್ಟು ಸಹಿ ಹಾಕಿಕೊಟ್ಟರು. ತಂಗಿಯ ಗಂಡನದು ಸಿಮೆಂಟಿನ ವ್ಯಾಪಾರ, ಹಾಗಾಗಿ ನಮಗೆ ಸಿಮೆಂಟು ಚಿಕ್ಕಪ್ಪ. ಹೋದ ಬೇಸಿಗೆಯಲ್ಲಿ ಅವರು ನಮ್ಮಲ್ಲಿಗೆ ಬಂದು, ಟೀ ಕುಡಿದು, ಮೇಜಿನ ಮೇಲೆ ಬೀಗದಕೈ ಇಟ್ಟು, "ಭಾವ, ಒಳ್ಳೆ ಗಿರಾಕಿ ತನ್ನಿ. ನಿಮ್ಮ ಎರಡು ಪರ್ಸೆಂಟು ನಿಮಗೆ" ಎಂದಿದ್ದರು. ಕಪ್ಪು ಎತ್ತಲು ಬಂದ ಅತ್ತೆ ಅಲ್ಲೇ ನಿಂತು ಕೇಳಿಸಿಕೊಂಡಿದ್ದರು. ಮಾವ ಹಲ್ಲಿನ ಡಾಕ್ಟರನ್ನು ಕರೆದುಕೊಂಡು ಹೋಗಿ ಮನೆ ತೋರಿಸಿದರು. ಆಮೇಲೆ ಡಾಕ್ಟರ ಅಮ್ಮನಿಗೆ ತೋರಿಸಿದರು, ಆಮೇಲೆ ಅವರ ಇಂಜಿನಿಯರಿಗೆ. ಅಷ್ಟಾದ ಮೇಲೆ ಒಂದು ದಿನ ಚಿಕ್ಕಪ್ಪ, "ಡಾಕ್ಟರಿಗೆ ಇಷ್ಟ ಆಗ್ಲಿಲ್ಲವಂತೆ ಭಾವ. ಸದ್ಯಕ್ಕೆ ಮಾರೋ ಯೋಚನೆಯೇ ಬಿಟ್ಟೆ" ಎಂದು ಬೀಗದಕೈ ವಾಪಸು ತೆಗೆದುಕೊಂಡು ಹೋದರು.

ಊಟಕ್ಕೆ ಕೂತಾಗ ವಿಷಯ ಹೇಳಿದೆ. ಮಾವನ ಕೈ ತಟ್ಟೆಯಲ್ಲೇ ನಿಂತಿತು.

"ಯಾವ ಡಾಕ್ಟರು?"

"ನೀವು ತೋರಿಸಿದ ಡಾಕ್ಟರೇ, ಮಾವ."

ಅಜ್ಜಿಗೆ, ಅಂದರೆ ಮಾವನ ಅಮ್ಮನಿಗೆ, ಕಿವಿ ಮಂದ. ಬೇಕಾದ್ದು ಮಾತ್ರ ಸ್ಪಷ್ಟವಾಗಿ ಕೇಳಿಸುತ್ತದೆ. "ಏನಂತೆ? ಷಡ್ಡಕ ಟೋಪಿ ಹಾಕಿದನಂತಾ? ಅವನ ಮುಖ ನೋಡಿದ ದಿನವೇ ನಾನು ಹೇಳಿರಲಿಲ್ವಾ!"

"ಅಜ್ಜಿ, ನೀನು ಸ್ವಲ್ಪ ಸುಮ್ಮನಿರು," ಎಂದ ನನ್ನ ಗಂಡ. ಅವನು ವೈರಿಂಗ್ ಕೆಲಸದವನು. ಎಲ್ಲಿ ಕಿಡಿ ಕಂಡರೂ ಮೊದಲು ಮೇನ್ ಸ್ವಿಚ್ ಆಫ್ ಮಾಡುವ ಜಾತಿ. "ಅಪ್ಪ, ಮೊದಲು ಫೋನ್ ಮಾಡಿ ಕೇಳಿ."

ಮಾವ ಕೈ ತೊಳೆದು, ಎಲ್ಲರಿಗೂ ಕೇಳಿಸುವ ಹಾಗೆ ಫೋನನ್ನು ಮೇಜಿನ ಮೇಲಿಟ್ಟು ಮಾತಾಡಿದರು.

"ಏನಪ್ಪಾ, ಮನೆ ಮಾರಿದೆಯಂತೆ?"

"ಹ್ಞಾಂ ಭಾವ, ಹೇಳೋಣ ಅಂತಲೇ ಇದ್ದೆ. ಎಲ್ಲ ಅರ್ಜೆಂಟಲ್ಲಿ ಆಗೋಯ್ತು."

"ನನ್ನ ಗಿರಾಕಿಗೇ ಮಾರಿದೆಯಂತೆ?"

"ನಿಮ್ಮ ಗಿರಾಕಿ, ನನ್ನ ಗಿರಾಕಿ ಅಂತ ನಮ್ಮಲ್ಲಿ ಭೇದ ಇದೆಯಾ ಭಾವ?"

"ಹಾಗಾದ್ರೆ ನನ್ನ ಎರಡು ಪರ್ಸೆಂಟು?"

ಆ ಕಡೆಯಿಂದ ನಗು ಬಂತು. ಹೊಟ್ಟೆ ತುಂಬಿದವರ ನಗು. "ಒಳ್ಳೆ ಕಥೆ! ಮನೆಯವರ ಮಧ್ಯೆ ಕಮಿಷನ್ ಎಂಥದ್ದು ಭಾವ? ನೀವೇನು ಹೊರಗಿನವರಾ?"

ಆ ನಗು ಕೇಳಿದ ಮೇಲೆ ನಾನೂ ನಿರ್ಧಾರ ಮಾಡಿಬಿಟ್ಟೆ. ಇನ್ನು ಮುಂದೆ ಈ ಮನುಷ್ಯನಿಗೆ ನನ್ನ ಬಾಯಲ್ಲಿ ಬಹುವಚನವಿಲ್ಲ. ಅವನು ಫೋನಿಟ್ಟ.

"ಇವನ ಮನೆ ಹಾಳಾಗ!" ಎಂದು ಅಜ್ಜಿ ಶಾಪ ಹಾಕಿದರು.

"ಮನೆ ಮಾರಿಯಾಯ್ತಲ್ಲ ಅಜ್ಜಿ, ಹಾಳಾಗೋಕೆ ಇನ್ನೆಲ್ಲಿದೆ?" ಎಂದ ನನ್ನ ಗಂಡ.

"ಬಿಡಲ್ಲ," ಎಂದರು ಮಾವ. "ಕೋರ್ಟಿಗೆ ಎಳೀತೀನಿ. ಸ್ವಂತ ಷಡ್ಡಕನೇ ಬೀಗದಕೈಗೆ ಕೈಕೊಟ್ಟ ಅಂತ ಊರಿಗೆ ಗೊತ್ತಾದ್ರೆ ನಾಳೆಯಿಂದ ನನಗೆ ಯಾರು ಕಮಿಷನ್ ಕೊಡ್ತಾರೆ?"

ಅತ್ತೆ ತಟ್ಟೆಗಳನ್ನು ಎತ್ತಿಕೊಂಡು ಒಳಗೆ ಹೋದರು. ಹುಟ್ಟಿ ಬೆಳೆದ ಮನೆ ಮಾರಿಹೋದ ಸುದ್ದಿಯನ್ನು ತಂಗಿ ಹೇಳಿರಲಿಲ್ಲ, ಹಲ್ಲಿನ ಕ್ಲಿನಿಕ್ಕಿನ ಹುಡುಗಿ ಹೇಳಿದ್ದಳು. ಅದಕ್ಕೆ ಅಳಬೇಕೋ ಬೈಯಬೇಕೋ ಅವರಿಗೆ ಗೊತ್ತಾಗಲಿಲ್ಲ.

ಕೋರ್ಟಿನ ಹತ್ತಿರ ಒಬ್ಬ ಲಾಯರಮ್ಮ ಇದ್ದರು, ನಮ್ಮ ಅಂಗಡಿಗೆ ತಲೆನೋವಿನ ಮಾತ್ರೆಗೆ ಬರುವವರು. ಅವರ ಹತ್ತಿರ ಮಾವನನ್ನು ನಾನೇ ಕರೆದುಕೊಂಡು ಹೋದೆ.

"ಬರವಣಿಗೆಯಲ್ಲಿ ಏನಾದ್ರೂ ಇದೆಯಾ?" ಎಂದು ಅವರು ಕೇಳಿದರು.

"ಷಡ್ಡಕನ ಹತ್ರ ಬರೆಸ್ಕೊಳ್ಳೋದಾ ಮೇಡಂ?"

"ಹಾಗಾದ್ರೆ ಮಾತು ಯಾರು ಕೇಳಿಸಿಕೊಂಡ್ರು?"

"ನಮ್ಮ ಮನೆಯವಳು."

"ಅವರು ಬಂದು ಹೇಳಿದ್ರೆ ಕೇಸು ನಿಲ್ಲುತ್ತೆ. ಬರದಿದ್ರೆ ಇಲ್ಲ," ಎಂದರು ಲಾಯರಮ್ಮ. ಸಣ್ಣ ಮೊತ್ತದ ದಾವೆಗಳಿಗೆ ಬೇರೆ ಕೋರ್ಟಿದೆ, ವರ್ಷಗಟ್ಟಲೆ ಎಳೆಯುವುದಿಲ್ಲ ಎಂದೂ ಹೇಳಿದರು.

ಅತ್ತೆ ಬರುವುದಿಲ್ಲ ಎಂದರು. ಪಾತ್ರೆ ಉಜ್ಜುತ್ತಲೇ, ತಿರುಗಿಯೂ ನೋಡದೆ ಹೇಳಿದರು. "ನನ್ನ ತಂಗಿ ಎದುರು ನಾನು ಕಟಕಟೆ ಹತ್ತಲ್ಲ."

"ನಿನ್ನ ತಂಗಿ ಏನು ಮಾಡಿದ್ಲು, ನೋಡಿದೆಯಾ?"

"ನೋಡಿದೆ. ಅವತ್ತು ನೀವು ಮಾಡಿದ್ದನ್ನೂ ನೋಡಿದ್ದೀನಿ. ಸಹಿ ಹಾಕೋ ದಿನ ಕೇಳಿದೆ, ನನ್ನ ಪಾಲು ಅಂತ ಏನಾದ್ರೂ ಕೊಡ್ತಾರಾ ಅಂತ. ನೀವೇನಂದ್ರಿ? 'ಮನೆಯವರ ಮಧ್ಯೆ ಲೆಕ್ಕ ಎಂಥದ್ದು, ದೊಡ್ಡ ಮನಸ್ಸು ಮಾಡು' ಅಂದ್ರಿ. ಬಿಟ್ಟುಕೊಟ್ಟಿದ್ದು ನಾನು, ಹೆಸರು ಬಂದಿದ್ದು ನಿಮಗೆ. ನಮ್ಮಪ್ಪನ ಮನೆಯಿಂದ ನನಗೆ ಒಂದು ಚಮಚ ಬಂದಿಲ್ಲ."

"ಅದಕ್ಕೇ ಹೇಳ್ತಿರೋದು ಕಣೇ. ನಿಮ್ಮಪ್ಪನ ಮನೆಯಿಂದ ನಿನಗೆ ಅಂತ ಬರೋದು ಇನ್ನು ಇದೊಂದೇ ದುಡ್ಡು. ಅದನ್ನೂ ಬಿಡ್ತೀಯಾ?"

ಅತ್ತೆ ನಲ್ಲಿಯನ್ನು ಇನ್ನಷ್ಟು ಜೋರಾಗಿ ತಿರುಗಿಸಿದರು. ಅಲ್ಲಿಗೆ ಮಾತು ಮುಗಿಯಿತು.

ಮಾರನೆಯ ದಿನದಿಂದ ಮಾವ ಊಟ ಬಿಟ್ಟರು. ಅತ್ತೆ ಬಡಿಸಿದರೆ "ಹಸಿವಿಲ್ಲ" ಎಂದು ಗೋಡೆಯ ಕಡೆ ತಿರುಗಿ ಕೂರುವರು. ಅತ್ತೆಗೂ ಹಠ, ಮುಚ್ಚಿಟ್ಟು ಎದ್ದುಹೋಗುವರು. ಮನೆಯೆಲ್ಲ ಬಿಗುವು. ಒಂದು ಮಧ್ಯಾಹ್ನ ಅಜ್ಜಿ ಮಗನ ಹತ್ತಿರ ಹೋಗಿ ಮೂಸಿ ನೋಡಿ, "ಇವನ ಉಪವಾಸಕ್ಕೆ ಹುರಿದ ಮೀನಿನ ವಾಸನೆ ಬರ್ತಿದೆಯಲ್ಲೇ!" ಎಂದರು. ಮಾವ ಎದ್ದು ಚಪ್ಪಲಿ ಮೆಟ್ಟಿಕೊಂಡು ಹೋದರು. ಹೋಟೆಲಿನಲ್ಲಿ ತಿಂದು ಬಂದು ಮನೆಯಲ್ಲಿ ಮುಷ್ಕರ ಹೂಡುವ ಗಂಡಸರನ್ನು ನಾನು ಅಲ್ಲಿಯ ತನಕ ನೋಡಿರಲಿಲ್ಲ.

ಅತ್ತೆ ಒಪ್ಪದಿದ್ದರೂ ಮಾವ ಲಾಯರ್ ನೋಟಿಸು ಕಳಿಸಿದರು. ಅದೇ ವಾರ ಸಿಮೆಂಟಿನವನ ಕಡೆಯಿಂದ ಮೊದಲ ಏಟು ಬಿತ್ತು, ಬಿದ್ದಿದ್ದು ನನ್ನ ಗಂಡನಿಗೆ. ಅರ್ಧ ವೈರಿಂಗ್ ಮಾಡಿದ್ದ ಒಂದು ಕಟ್ಟಡದಿಂದ ಮೇಸ್ತ್ರಿ ಫೋನ್ ಮಾಡಿ, "ನಾಳೆಯಿಂದ ಬರ್ಬೇಡಪ್ಪ, ಸಿಮೆಂಟು ಸಾಲದಲ್ಲಿ ಕೊಡೋರ ಮಾತು ಮೀರೋಕಾಗಲ್ಲ" ಎಂದ.

"ನೋಡಿದ್ರಾ ಅಪ್ಪ? ನಿಮ್ಮ ಎರಡು ಪರ್ಸೆಂಟು ಬರೋಕೆ ಮುಂಚೆ ನನ್ನ ನೂರು ಪರ್ಸೆಂಟು ಹೋಯ್ತು. ಸಾಕು, ರಾಜಿ ಮಾಡ್ಕೊಳ್ಳಿ."

"ನನ್ನ ಮಗನ ಹೊಟ್ಟೆ ಮೇಲೆ ಹೊಡೆದವನ ಜೊತೆ ರಾಜಿಯಾ? ಈಗಂತೂ ಬಿಡಲ್ಲ!"

ಎರಡನೆಯ ಏಟು ಸಿಮೆಂಟಿನವನ ವಕೀಲನ ಉತ್ತರದಲ್ಲಿತ್ತು. ಲಾಯರಮ್ಮ ಅದನ್ನು ಓದಿ ಹೇಳಿದರು. ಮಾವ ಬ್ರೋಕರಾಗಿ ಬಂದವರೇ ಅಲ್ಲ, ಕುಟುಂಬದವರಾಗಿ ಕೈಜೋಡಿಸಿದವರು. ಕೊಂಡವರ ಮುಂದೆ ಪದೇ ಪದೇ "ಇದು ನಮ್ಮ ಮನೆ" ಎಂದಿದ್ದಾರೆ. ಡಾಕ್ಟರು ಅದಕ್ಕೆ ಸಾಕ್ಷಿ. ತಮ್ಮ ಮನೆ ಮಾರುವವರು ತಮಗೇ ಕಮಿಷನ್ ಕೇಳುವುದುಂಟೆ?

"ಅಂದಿದ್ರಾ?" ಎಂದು ಲಾಯರಮ್ಮ ಕೇಳಿದರು.

ಮಾವನ ಮುಖ ಸಣ್ಣದಾಯಿತು. "ಅಂದಿದ್ದೆ. ಎಲ್ಲರ ಮನೆಗೂ ಅಂತೀನಿ ಮೇಡಂ. ಬಾಯಿಗೆ ಹಾಗೇ ಬರುತ್ತೆ."

"ಕೋರ್ಟಲ್ಲಿ ಅದನ್ನೇ ಹೇಳ್ಬೇಕು. ಆ ಮನೆ ನಂದಲ್ಲ, ಅವರು ನನ್ನವರಲ್ಲ ಅಂತ. ನಿಮ್ಮ ಹೆಂಡತಿ ಬಂದ್ರೆ ಅವರೂ ಹೇಳ್ಬೇಕಾಗುತ್ತೆ."

ಇದನ್ನು ಮನೆಯಲ್ಲಿ ಹೇಳಿದಾಗ ಅತ್ತೆ, "ಅದಂತೂ ನನ್ನ ಬಾಯಲ್ಲಿ ಬರಲ್ಲ" ಎಂದರು. ಅವರನ್ನು ಒಪ್ಪಿಸಲು ನಮ್ಮಿಂದ ಸಾಧ್ಯವೇ ಇರಲಿಲ್ಲ. ಒಪ್ಪಿಸಿದವನು ಸಿಮೆಂಟಿನವನೇ.

ಒಂದು ಭಾನುವಾರ ಬೆಳಿಗ್ಗೆ ಅವನ ಅಂಗಡಿಯ ಟೆಂಪೊ ನಮ್ಮ ಬಾಗಿಲಲ್ಲಿ ನಿಂತಿತು. ಡ್ರೈವರು ಖಾಲಿ ಚೀಲಗಳ ಮಧ್ಯದಿಂದ ಒಂದು ಹಳೆಯ ಹೊಲಿಗೆ ಮೆಷೀನು ಇಳಿಸಿದ. ಅತ್ತೆಯ ಅಮ್ಮನ ಮೆಷೀನು. ಅಕ್ಕತಂಗಿ ಇಬ್ಬರ ಲಂಗಗಳನ್ನೂ ಅವರಮ್ಮ ಅದರಲ್ಲೇ ಹೊಲಿಯುತ್ತಿದ್ದರಂತೆ. ಅತ್ತೆ ಬರಿಗಾಲಲ್ಲಿ ಓಡಿಬಂದರು. ಅವರ ಮುಖ ಅರಳಿದ್ದನ್ನು ನಾನು ಕಂಡೆ. ತಂಗಿ ನೆನಪಿಟ್ಟುಕೊಂಡು ಕಳಿಸಿದ್ದಾಳೆ ಎಂದೇ ಅವರು ತಿಳಿದರು.

"ಯಾರು ಕಳಿಸಿದ್ದು? ತಂಗಿನಾ?" ಎಂದು ಕೇಳಿದರು.

"ಇಬ್ರೂ ಇದ್ರು ಅಮ್ಮಾ," ಎಂದ ಡ್ರೈವರು. ಪಾಪ, ಅವನಿಗೇನು ಗೊತ್ತು? "ಯಜಮಾನ್ರು ಹೇಳಿದ್ರು, ಇದನ್ನ ಕಮಿಷನ್ ಲೆಕ್ಕಕ್ಕೆ ಇಟ್ಕೊಳ್ಳೋಕೆ ಹೇಳು ಅಂತ. ಅಮ್ಮಾವ್ರು ಹೇಳಿದ್ರು, ಅಕ್ಕನಿಗೆ ಇದು ಜಾಸ್ತಿನೇ ಆಯ್ತು ಅಂತ."

ಟೆಂಪೊ ಹೋಯಿತು. ಮೆಷೀನಿನ ಮೇಲೆಲ್ಲ ಸಿಮೆಂಟಿನ ಧೂಳು. ಅತ್ತೆ ಒದ್ದೆ ಬಟ್ಟೆ ತಂದು ಒರೆಸಲು ಕೂತರು. ಒರೆಸಿದಷ್ಟೂ ಬೂದು ಬಣ್ಣದ ನೀರು. ನಾನು ಸಹಾಯಕ್ಕೆ ಹೋದರೆ "ಬೇಡ" ಎಂದರು. ಚಕ್ರ, ಕಾಲಿನ ಹಲಗೆ, ಬದಿಯ ಸಣ್ಣ ಡ್ರಾಯರು, ಎಲ್ಲ ಒರೆಸಿ, ಎಣ್ಣೆ ಬಿಟ್ಟು, ಬಟ್ಟೆ ಹಿಂಡಿ ಒಣಗಿಹಾಕಿ, ಒಳಗೆ ಬಂದು ಮಾವನ ಮುಂದೆ ನಿಂತರು.

"ರೀ, ಲಾಯರಮ್ಮನಿಗೆ ಹೇಳಿ. ಬರ್ತೀನಿ."

ಅವತ್ತು ಮಧ್ಯಾಹ್ನ ಮಾವ ಮನೆಯಲ್ಲೇ ಊಟ ಮಾಡಿದರು. ಎರಡು ಸಲ ಬಡಿಸಿಕೊಂಡರು.

ಕೋರ್ಟಿನ ಕೋಣೆ ಚಿಕ್ಕದು, ಫ್ಯಾನು ದೊಡ್ಡ ಸದ್ದಿನದು. ಸಿಮೆಂಟಿನವನು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಬಂದಿದ್ದ. ಪಕ್ಕದಲ್ಲಿ ಅತ್ತೆಯ ತಂಗಿ, ನಮ್ಮ ಚಿಕ್ಕಮ್ಮ. ನನ್ನನ್ನು ನೋಡಿ "ಮಾತ್ರೆ ಅಂಗಡಿಯವಳೂ ಬಂದಿದ್ದಾಳೆ" ಎಂದು ಗಂಡನ ಕಿವಿಯಲ್ಲಿ ಹೇಳಿದ್ದು ನನಗೆ ಕೇಳಿಸಿತು. ಮೊದಲಿಂದಲೂ ಅವಳು ನನ್ನನ್ನು ಹಾಗೇ ಕರೆಯುವುದು. ಇರಲಿ, ಇವತ್ತು ನಿನಗೆ ಮಾತ್ರೆ ಬೇಕಾಗುತ್ತದೆ ಎಂದುಕೊಂಡೆ.

ಮೊದಲು ಮಾವ. ಎದುರಿನ ವಕೀಲ ಕನ್ನಡಕ ಏರಿಸಿಕೊಂಡು ಬಂದ.

"ಡಾಕ್ಟರಿಗೆ ಮನೆ ತೋರಿಸುವಾಗ 'ನಮ್ಮನೆ' ಅಂದಿದ್ದು ನಿಜವೇ?"

"ನಿಜ."

"ಅಂದಮೇಲೆ ನೀವು ಆ ಮನೆಯವರು."

"ಸಾರ್," ಎಂದರು ಮಾವ, "ಈ ಕೋರ್ಟಿನ ಹಿಂದಿನ ಬೀದೀಲಿ ನಿಮ್ಮ ಆಫೀಸಿದೆಯಲ್ಲ, ಮಹಡಿ ಮೇಲೆ, ಅದನ್ನ ನಿಮಗೆ ತೋರಿಸಿದವನು ನಾನೇ. ಅವತ್ತೂ 'ಬನ್ನಿ, ನಮ್ಮ ಆಫೀಸು ನೋಡಿ' ಅಂದೆ. ಬಾಗಿಲು ತೆಗೆದು ಕಿಟಕಿ ತೋರಿಸಿ 'ನಮ್ಮ ಆಫೀಸಿಗೆ ಗಾಳಿ ಚೆನ್ನಾಗಿದೆ' ಅಂದೆ. ನೀವು ನನ್ನನ್ನ ಮನೆಯವನು ಅಂದ್ಕೊಳ್ಳಲಿಲ್ಲ. ಕಮಿಷನ್ ಕೊಟ್ರಿ."

ಜಡ್ಜ್ ಸಾಹೇಬರು ಪೆನ್ನು ಕೆಳಗಿಟ್ಟು ವಕೀಲನ ಮುಖ ನೋಡಿದರು. "ಕೊಟ್ಟಿದ್ದೀರಾ?" ಎಂದು ಕೇಳಿದರು. ವಕೀಲ ಕೆಮ್ಮಿದ. ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು, ಬಹುಶಃ ನಾನೇ.

ಆಮೇಲೆ ಅತ್ತೆ. ಎರಡು ಪರ್ಸೆಂಟಿನ ಮಾತು ಕೇಳಿಸಿಕೊಂಡಿದ್ದನ್ನು ನಡುಗದೆ ಹೇಳಿದರು. ವಕೀಲ ಈಗ ದನಿ ಮೆತ್ತಗೆ ಮಾಡಿಕೊಂಡ.

"ಇವರು ನಿಮಗೆ ಏನಾಗ್ಬೇಕಮ್ಮಾ?"

"ನಮ್ಮನೆಯವರು."

"ಮಾರಿದ್ದು ನೀವು ಹುಟ್ಟಿದ ಮನೆ. ಹೌದೋ ಅಲ್ಲವೋ?"

"ಹೌದು."

"ಅಂದಮೇಲೆ ಅದು ನಿಮ್ಮ ಮನೆ. ಹೆಂಡತಿ ಮನೆಯ ಕೆಲಸ ಅಂತ ನಿಮ್ಮ ಗಂಡ ಓಡಾಡಿದ್ರು. ಅಷ್ಟೇ ತಾನೆ?"

ಅತ್ತೆ ಹೌದು ಎಂದರೆ ಕೇಸು ಮುಗಿಯಿತು. ಮಾವ ಕುರ್ಚಿಯ ತುದಿಗೆ ಬಂದಿದ್ದರು.

"ಅದು ನಮ್ಮನೆ ಅಲ್ಲ," ಎಂದರು ಅತ್ತೆ. "ಸಹಿ ಹಾಕಿ ಕೊಟ್ಟ ದಿನದಿಂದ ಅಲ್ಲ. ಅದು ಯಾರದೋ ಮನೆ. ಯಾರದೋ ಮನೆ ಮಾರಿಸಿಕೊಟ್ರೆ ಕೂಲಿ ಕೊಡ್ಬೇಕು."

"ಯಾರದೋ ಅಂದ್ರೆ? ಪ್ರತಿವಾದಿಯ ಹೆಂಡತಿ ನಿಮ್ಮ ಒಡಹುಟ್ಟಿದ ತಂಗಿ ಅಲ್ವೇನಮ್ಮಾ?"

ಅತ್ತೆ ಚಿಕ್ಕಮ್ಮನನ್ನು ನೇರವಾಗಿ ನೋಡಿದರು.

"ಇದ್ದಳು," ಎಂದರು.

"ಇದ್ದಳು ಅಂದ್ರೆ?" ಈ ಸಲ ಕೇಳಿದವರು ಜಡ್ಜ್ ಸಾಹೇಬರು.

"ಹೊಲಿಗೆ ಮೆಷೀನು ಬರೋ ತನಕ ಇದ್ದಳು ಸ್ವಾಮಿ."

ಚಿಕ್ಕಮ್ಮನ ಮುಖದಲ್ಲಿ ರಕ್ತವೇ ಇರಲಿಲ್ಲ. ನನಗೆ ಚಪ್ಪಾಳೆ ತಟ್ಟಬೇಕೆನ್ನಿಸಿತು. ಆದರೆ ಅತ್ತೆ ಕಟಕಟೆಯ ಅಂಚು ಹಿಡಿದು, ಕಾಲಲ್ಲಿ ಮೆಟ್ಟಿಲು ತಡಕುತ್ತ ಇಳಿಯುವುದನ್ನು ನೋಡಿ ಕೈಕೊಡಲು ಎದ್ದೆ.

ಹೊರಗೆ ಮೆಟ್ಟಿಲ ಹತ್ತಿರ ಚಿಕ್ಕಮ್ಮ ಹಿಂದಿನಿಂದ ಓಡಿಬಂದಳು. "ಅಕ್ಕಾ! ಅಕ್ಕಾ, ಒಂದು ನಿಮಿಷ ನಿಲ್ಲೇ!"

ಅತ್ತೆ ನಡೆಯುತ್ತಲೇ ನನಗೆ ಹೇಳಿದರು. "ಯಾರೋ ಕರೀತಿದ್ದಾರೆ ನೋಡು. ದಾರಿ ಕೇಳೋಕಿರಬೇಕು."

ಮನೆಗೆ ಬಂದು ಚಪ್ಪಲಿಯನ್ನೂ ಬಿಡದೆ ಮೆಷೀನಿನ ಮುಂದೆ ಕೂತು ಅತ್ತರು. "ನನಗೆ ಇದ್ದಿದ್ದು ಅವಳೊಬ್ಬಳೇ ಕಣೇ," ಎಂದು ಬಾಯಿಬಿಟ್ಟು ಅತ್ತರು. ಅಜ್ಜಿ ಹತ್ತಿರ ಕೂತು ಬೆನ್ನು ಸವರಿದರು. ಸೊಸೆಯ ಬೆನ್ನನ್ನು ಅಜ್ಜಿ ಸವರಿದ್ದನ್ನು ನಾನು ಕಂಡಿದ್ದು ಅದೇ ಮೊದಲು. ಆಮೇಲೆ ಅತ್ತೆ ಎದ್ದು ಮುಖ ತೊಳೆದು ಆಲೂಗಡ್ಡೆ ಹೆಚ್ಚಲು ಕೂತರು.

ತೀರ್ಪು ನಮ್ಮ ಕಡೆ ಆಯಿತು. ಕಮಿಷನ್ನೂ ಕೊಡಬೇಕು, ಕೋರ್ಟಿನ ಖರ್ಚೂ ಕೊಡಬೇಕು. ಸಿಮೆಂಟಿನವನು ಒಂದಷ್ಟು ದಿನ ಎಳೆದಾಡಿ ಕೊನೆಗೆ ಕಟ್ಟಿದ. ಊರಲ್ಲಿ ಮಾವನ ಹೆಸರು ಮೇಲಕ್ಕೆದ್ದಿತು. ಷಡ್ಡಕನನ್ನೇ ಬಿಡದವನು ನಮ್ಮನ್ನು ಬಿಟ್ಟಾನೆಯೇ ಎಂದು ಹಳೆಯ ಬಾಕಿಯವರೂ ತಾವಾಗಿ ಬಂದು ಕೊಟ್ಟುಹೋದರು.

ಬ್ಯಾಂಕಿನಿಂದ ಹಣ ತಂದ ದಿನ ಮಾವ ದಪ್ಪ ಲಕೋಟೆಯನ್ನು ಊಟದ ಮೇಜಿನ ಮೇಲೆ, ತಮ್ಮ ತಟ್ಟೆಯ ಪಕ್ಕದಲ್ಲೇ ಇಟ್ಟುಕೊಂಡು ಕೂತರು. ಅಜ್ಜಿ ಅದನ್ನು ಮುಟ್ಟಿ ಮುಟ್ಟಿ ನೋಡಿದರು.

"ಬೀದಿಗೆ ಮುಖ ಮಾಡಿ ಒಂದು ಆಫೀಸು ಮಾಡ್ತೀನಿ," ಎಂದರು ಮಾವ. "ಗಾಜಿನ ಬಾಗಿಲು. ಹೊರಗೆ ಬೋರ್ಡು. ಆ ಸಿಮೆಂಟು ದಿನಾ ಅದರ ಮುಂದೆಯೇ ಓಡಾಡ್ಬೇಕು. ಓದಿ ಓದಿ ಸಾಯಲಿ."

ಅತ್ತೆ ಅನ್ನದ ಸೌಟು ಕೆಳಗಿಟ್ಟು ಕೈಯನ್ನು ಸೆರಗಿಗೆ ಒರೆಸಿಕೊಂಡರು. "ಅರ್ಧ ನನ್ನ ಕೈಗೆ ಕೊಡಿ."

"ಯಾವ ಅರ್ಧ?"

"'ನಿಮ್ಮಪ್ಪನ ಮನೆಯಿಂದ ನಿನಗೆ ಬರೋದು ಇದೊಂದೇ ದುಡ್ಡು' ಅಂದಿದ್ರಲ್ಲ. ನಾನು ಪೂರ್ತಿ ಕೇಳ್ತಿಲ್ಲ. ಗಿರಾಕಿ ತಂದವರು ನೀವು, ಸಾಕ್ಷಿ ಹೇಳಿದವಳು ನಾನು. ನನ್ನ ಕಮಿಷನ್ ಕೊಡಿ."

ಮಾವ ಬಾಯಲ್ಲಿ ತುತ್ತಿಟ್ಟುಕೊಂಡೇ ನಕ್ಕರು. ಹೊಟ್ಟೆ ತುಂಬಿದವರ ನಗು. "ಒಳ್ಳೆ ಕಥೆ! ಮನೆಯವರ ಮಧ್ಯೆ ಕಮಿಷನ್ ಎಂಥದ್ದೇ?"

ಅಂದ ಮೇಲೆ ಅವರಿಗೇ ಕೇಳಿಸಿತು. ನಗು ನಿಂತಿತು, ತುತ್ತು ಕೆನ್ನೆಯಲ್ಲೇ ಉಳಿಯಿತು.

"ಏನಂದೆ ಮಗಾ?" ಎಂದರು ಅಜ್ಜಿ. "ಇನ್ನೊಂದ್ಸಲ ಹೇಳು, ನನಗೆ ಸರಿಯಾಗಿ ಕೇಳಿಸ್ಲಿಲ್ಲ." ಅವರಿಗೆ ಚೆನ್ನಾಗಿಯೇ ಕೇಳಿಸಿತ್ತು.

ಅತ್ತೆ ನನ್ನ ಕಡೆ ತಿರುಗಿದರು. "ನೀನು ಕೇಳಿಸಿಕೊಂಡೆಯಾ?"

"ಒಂದಕ್ಷರ ಬಿಡದ ಹಾಗೆ, ಅತ್ತೆ."

"ನಾಳೆ ಲಾಯರಮ್ಮ ಸಿಗ್ತಾರಾ?"

"ಬೆಳಿಗ್ಗೆಯೆಲ್ಲ ಆಫೀಸಲ್ಲೇ ಇರ್ತಾರೆ."

"ಸಾಕ್ಷಿ ಹೇಳ್ತೀಯಾ?"

"ಹೇಳ್ತೀನಿ."

"ನಾನೂ ಹೇಳ್ತೀನಮ್ಮ," ಎಂದ ನನ್ನ ಗಂಡ. ಇಷ್ಟು ದಿನ ಎಲ್ಲರ ಮೇನ್ ಸ್ವಿಚ್ ಆಫ್ ಮಾಡುತ್ತಿದ್ದವನು ಅವತ್ತು ಒಂದನ್ನು ಆನ್ ಮಾಡಿದ.

ಮಾವ ಎಡಗೈಯಲ್ಲಿ ಲಕೋಟೆಯನ್ನು ಮೆಲ್ಲಗೆ ಮುಂದಕ್ಕೆ ತಳ್ಳಿದರು. "ಆಯ್ತು ತಗೊಳ್ಳೇ. ಅರ್ಧ ತಾನೆ, ಎಣಿಸಿಕೋ."

ಅತ್ತೆ ಎಣಿಸಲಿಲ್ಲ. ಲಕೋಟೆಯನ್ನು ಹಾಗೇ ಎತ್ತಿಕೊಂಡು ಹೋಗಿ ಹೊಲಿಗೆ ಮೆಷೀನಿನ ಡ್ರಾಯರಿನಲ್ಲಿ ಇಟ್ಟು, ಬೀಗ ಹಾಕಿ, ಬೀಗದಕೈಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಬಂದರು.

"ಅರ್ಧ ಅಂದಿದ್ದು ನೀವು ಆ ಮಾತು ಆಡೋಕೆ ಮುಂಚೆ," ಎಂದರು. "ಇನ್ನು ಸ್ವಲ್ಪ ಅನ್ನ ಹಾಕ್ಲಾ?"